ಸರಾಸರಿಯೊಳಗೆ ಹಿಡಿಯದ ಬೇಸಿಗೆ: ಬಡ ಮನೆಯ ಲೈಟ್ ಬಿಲ್ಲು ಮತ್ತು ಸಿಗಬೇಕಾದ ನೆರವು

ಎಲ್ಲರಿಗೂ ಶರಣು ಶರಣಾರ್ಥಿಗಳು.

ಈ ಸಭೆಗೆ ಬರುವಾಗ ತಮ್ಮ ಮನೆಯ ಇತ್ತೀಚಿನ ಲೈಟ್ ಬಿಲ್ಲನ್ನು ಜೊತೆಗೆ ತರಬೇಕೆಂದು ಸಂಘಟಕರ ಮೂಲಕ ಕೇಳಿಕೊಂಡಿದ್ದೆ. ಬಹಳಷ್ಟು ಮಂದಿ ತಂದಿದ್ದೀರಿ. ಸಭೆ ಶುರುವಾಗುವ ಮುನ್ನ ಮುಂದಿನ ಸಾಲಿನಲ್ಲಿ ಕುಳಿತವರ ಬಿಲ್ಲುಗಳನ್ನು ನೋಡಿದೆ. ಕೆಲವು ಬಿಲ್ಲುಗಳಲ್ಲಿ ಕಟ್ಟಬೇಕಾದ ಹಣ ಸೊನ್ನೆ, ಕೆಲವುಗಳಲ್ಲಿ ಮುನ್ನೂರರ ಆಸುಪಾಸು, ಎರಡರಲ್ಲಿ ಸಾವಿರದ ಐನೂರಕ್ಕೂ ಮೇಲೆ. ಈ ಎಲ್ಲ ಬಿಲ್ಲುಗಳೂ ಹೆಚ್ಚುಕಡಿಮೆ ಒಂದೇ ಓಣಿಯವು, ಒಂದೇ ಬಗೆಯ ದುಡಿಮೆಯ ಮನೆಗಳವು. ಹಾಗಿದ್ದೂ ಇಷ್ಟು ಅಂತರ ಏಕೆ ಬರುತ್ತದೆ ಎಂಬುದನ್ನು ಬಿಡಿಸಿ ಹೇಳುವುದೇ ಇಂದಿನ ನನ್ನ ಮಾತಿನ ಉದ್ದೇಶ. ನಾನು ಅರ್ಥಶಾಸ್ತ್ರ ಕಲಿಸುವವನು. ಕೆಲವು ವರ್ಷಗಳಿಂದ ಭಾನುವಾರ ಬೆಳಗ್ಗೆ ಅಕ್ಕಪಕ್ಕದ ಮನೆಗಳವರ ಜೊತೆ ಕುಳಿತು ಅವರ ಬಿಲ್ಲುಗಳನ್ನು ಓದುತ್ತ ಬಂದಿದ್ದೇನೆ, ಮತ್ತು ಈ ವಿಷಯದಲ್ಲಿ ನಾನು ಪುಸ್ತಕಗಳಿಂದ ಕಲಿತದ್ದಕ್ಕಿಂತ ಆ ಚೀಟಿಗಳಿಂದ ಕಲಿತದ್ದೇ ಹೆಚ್ಚು.

ಈ ಅಂತರಕ್ಕೆ ಮುಖ್ಯ ಕಾರಣ, ಮನೆ ಬಳಕೆಯ ವಿದ್ಯುತ್ತಿಗೆ ರಾಜ್ಯ ಸರ್ಕಾರ ಕೊಡುವ ನೆರವಾದ ಗೃಹಜ್ಯೋತಿಯ ಲೆಕ್ಕ. ನಮ್ಮ ಊರಿಗೂ ಈ ನೆರವಿಗೂ ಒಂದು ನಂಟಿದೆ. ಗೃಹಜ್ಯೋತಿ ಯೋಜನೆಯನ್ನು ಮುಖ್ಯಮಂತ್ರಿ ಸಿದ್ದರಾಮಯ್ಯನವರು 2023ರ ಆಗಸ್ಟ್ 5ರಂದು ಉದ್ಘಾಟಿಸಿದ್ದು ಇದೇ ಕಲಬುರಗಿಯಲ್ಲಿ. ಆ ವರ್ಷದ ಜುಲೈ ತಿಂಗಳಲ್ಲಿ ಬಳಸಿದ ವಿದ್ಯುತ್ತಿಗೆ ಆಗಸ್ಟ್‌ನಲ್ಲಿ ಬಂದ ಬಿಲ್ಲೇ ಮೊದಲ ಸೊನ್ನೆ ಬಿಲ್ಲು. ಅದಕ್ಕೂ ಮೊದಲು ನೆರವೇ ಇರಲಿಲ್ಲವೆಂದಲ್ಲ. ಗುಡಿಸಲಿಗೆ ಒಂದು ಬಲ್ಬು ಕೊಟ್ಟ ಭಾಗ್ಯಜ್ಯೋತಿ ಮತ್ತು ಕುಟೀರಜ್ಯೋತಿ ಹಿಂದಿನಿಂದಲೂ ಇದ್ದವು. 2022ರಲ್ಲಿ ಪರಿಶಿಷ್ಟ ಜಾತಿ ಮತ್ತು ಪಂಗಡಗಳ ಬಡತನ ರೇಖೆಗಿಂತ ಕೆಳಗಿನ ಕುಟುಂಬಗಳಿಗೆ ತಿಂಗಳಿಗೆ 75 ಯೂನಿಟ್ ಉಚಿತ ಕೊಡುವ ಅಮೃತಜ್ಯೋತಿ ಬಂದಿತ್ತು. ಈ ಮೂರೂ ಈಗ ಗೃಹಜ್ಯೋತಿಯೊಳಗೆ ಸೇರಿಹೋಗಿವೆ.

ಇನ್ನು ಮುಖ್ಯ ಮಾತಿಗೆ ಬರುತ್ತೇನೆ. ‘ಇನ್ನೂರು ಯೂನಿಟ್ ಫ್ರೀ’ ಎಂಬ ಮಾತು ಎಲ್ಲರ ಬಾಯಲ್ಲಿದೆ, ಆದರೆ ಅದು ಅರ್ಧ ನಿಜ ಮಾತ್ರ. ಇನ್ನೂರು ಎಂಬುದು ಯಾರೂ ದಾಟಬಾರದ ಗೆರೆಯೇ ಹೊರತು ಪ್ರತಿ ಮನೆಗೆ ಸಿಗುವ ಪಾಲಲ್ಲ. ಪಾಲು ಮನೆಮನೆಗೆ ಬೇರೆ. 2022-23ರ ಹಣಕಾಸು ವರ್ಷದಲ್ಲಿ ನಿಮ್ಮ ಮೀಟರಿನಲ್ಲಿ ತಿಂಗಳಿಗೆ ಸರಾಸರಿ ಎಷ್ಟು ಯೂನಿಟ್ ಓಡಿತ್ತೋ ಅದಕ್ಕೆ ಶೇಕಡಾ 10ನ್ನು ಸೇರಿಸಿದರೆ ಬರುವ ಸಂಖ್ಯೆಯೇ ನಿಮ್ಮ ಅರ್ಹತೆಯ ಯೂನಿಟ್. ಸರಾಸರಿ 60 ಇದ್ದ ಮನೆಗೆ 66, 120 ಇದ್ದ ಮನೆಗೆ 132. ಅದರೊಳಗೆ ಬಳಸಿದರೆ ಬಿಲ್ಲು ಸೊನ್ನೆ. ಅದನ್ನು ದಾಟಿ 200ರೊಳಗೆ ನಿಂತರೆ ದಾಟಿದ ಯೂನಿಟ್ಟುಗಳಿಗಷ್ಟೇ ಹಣ. 200ನ್ನು ದಾಟಿದರೆ ಆ ತಿಂಗಳ ಪೂರ್ತಿ ಬಿಲ್ಲನ್ನು ಮನೆಯವರೇ ಕಟ್ಟಬೇಕು. ಹಿಂದಿನ ದಾಖಲೆಯೇ ಇಲ್ಲದ ಹೊಸ ಮನೆಗಳಿಗೆ ರಾಜ್ಯದ ಸರಾಸರಿಯಾದ 53 ಯೂನಿಟ್ಟನ್ನು ಆಧಾರವಾಗಿಟ್ಟುಕೊಂಡು 58 ಯೂನಿಟ್ ಕೊಡುವುದೆಂದು ತೀರ್ಮಾನವಾಯಿತು.

ಕಾಗದದ ಮೇಲೆ ಇದು ನ್ಯಾಯವಾಗಿಯೇ ಕಾಣುತ್ತದೆ. ಆದರೆ ಸರಾಸರಿ ಎಂಬುದು ವರ್ಷದ ಹನ್ನೆರಡು ತಿಂಗಳುಗಳನ್ನು ಒಂದೇ ಸಮ ಮಾಡಿಬಿಡುವ ಲೆಕ್ಕ. ಕಲಬುರಗಿ, ಯಾದಗಿರಿಗಳ ಬೇಸಿಗೆ ಯಾವ ತಿಂಗಳಿಗೂ ಸಮವಾಗುವುದಿಲ್ಲ. ಏಪ್ರಿಲ್, ಮೇ ತಿಂಗಳುಗಳಲ್ಲಿ ಉಷ್ಣಾಂಶ 42, 43 ಡಿಗ್ರಿ ಮುಟ್ಟುವಾಗ, ತಗಡಿನ ಮಾಡಿನ ಕೆಳಗೆ ಎಳೆಯ ಮಗುವನ್ನೋ ವಯಸ್ಸಾದ ತಾಯಿಯನ್ನೋ ಇಟ್ಟುಕೊಂಡ ಮನೆ ಕೂಲರನ್ನು ಆರಿಸಲಾರದು. ಸುಮಾರು 200 ವಾಟ್‌ನ ಒಂದು ಕೂಲರ್ ದಿನಕ್ಕೆ ಹತ್ತು ತಾಸು ಓಡಿದರೆ ಎರಡು ಯೂನಿಟ್, ತಿಂಗಳಿಗೆ 60 ಯೂನಿಟ್. ಸರಾಸರಿ 60 ಇದ್ದ ಮನೆ ಮೇ ತಿಂಗಳಲ್ಲಿ 120ಕ್ಕೆ ಏರುತ್ತದೆ. ಅರ್ಹತೆ 66 ಇರುವುದರಿಂದ 54 ಯೂನಿಟ್ಟಿಗೆ ಹಣ ಕಟ್ಟಬೇಕು. 2025ರ ಏಪ್ರಿಲ್‌ನಲ್ಲಿ ಜಾರಿಗೆ ಬಂದ ಗೃಹ ಬಳಕೆಯ ದರವಾದ 5 ರೂಪಾಯಿ 80 ಪೈಸೆಯ ಲೆಕ್ಕದಲ್ಲಿ ಅದು 313 ರೂಪಾಯಿ, ಅದರ ಮೇಲೆ ತೆರಿಗೆ ಬೇರೆ. ಚಳಿಗಾಲದಲ್ಲಿ ಇದೇ ಮನೆ 40 ಯೂನಿಟ್ ಬಳಸಿದಾಗ ಉಳಿದ 26 ಯೂನಿಟ್ ಬೇಸಿಗೆಯ ಲೆಕ್ಕಕ್ಕೆ ಜಮೆಯಾಗುವುದಿಲ್ಲ. ಆ ತಿಂಗಳ ಉಳಿಕೆ ಆ ತಿಂಗಳಿಗೇ ಮುಗಿಯುತ್ತದೆ. ಕೂಲಿ ಕೆಲಸ ಕಡಿಮೆಯಾಗುವ ತಿಂಗಳುಗಳೂ ಬಿಲ್ಲು ಏರುವ ತಿಂಗಳುಗಳೂ ಒಂದೇ ಆಗಿರುವುದು ನಮ್ಮ ಭಾಗದ ದೊಡ್ಡ ಕಷ್ಟ.

ಗುಳೆ ಹೋಗುವವರ ಮನೆಗಳ ಲೆಕ್ಕ ಇದಕ್ಕಿಂತಲೂ ಗಟ್ಟಿಯಾಗಿ ಯೋಚಿಸಬೇಕಾದದ್ದು. 2022-23ರಲ್ಲಿ ಆರು ತಿಂಗಳು ಪುಣೆಯಲ್ಲೋ ಮುಂಬೈಯಲ್ಲೋ ಕಟ್ಟಡದ ಕೆಲಸಕ್ಕೆ ಹೋಗಿದ್ದ ಕುಟುಂಬದ ಮನೆಗೆ ಬೀಗ ಹಾಕಿತ್ತು, ಮೀಟರು ಓಡಲಿಲ್ಲ. ಮನೆಯಲ್ಲಿದ್ದ ಆರು ತಿಂಗಳು ತಲಾ 60 ಯೂನಿಟ್ ಬಳಸಿದ್ದರೂ ವರ್ಷದ ಸರಾಸರಿ 30 ಎಂದೇ ಬಂತು. ಹಾಗಾಗಿ ಅವರ ಅರ್ಹತೆ ಮೊದಲು ನಿಂತದ್ದು 33 ಯೂನಿಟ್ಟಿಗೆ. ಹೆಚ್ಚು ಬಳಸಿದವರಿಗೆ ಹೆಚ್ಚು, ಕಡಿಮೆ ಬಳಸಿದವರಿಗೆ ಕಡಿಮೆ ಎಂಬ ಈ ಸೂತ್ರ ಅತಿ ಬಡವರನ್ನೇ ಹಿಂದಕ್ಕೆ ತಳ್ಳಿತು. ಇದನ್ನು ಸರ್ಕಾರವೂ ಒಂದು ಮಟ್ಟಿಗೆ ಮನಗಂಡಿತು. 2024ರ ಜನವರಿಯಲ್ಲಿ ಸಚಿವ ಸಂಪುಟವು ಕಡಿಮೆ ಬಳಕೆಯ ಮನೆಗಳಿಗೆ ಶೇಕಡಾ 10ರ ಬದಲು ನೇರವಾಗಿ 10 ಯೂನಿಟ್ ಸೇರಿಸಲು ಒಪ್ಪಿತು. 30ರ ಸರಾಸರಿಗೆ 10 ಸೇರಿ, 33 ಇದ್ದ ಅರ್ಹತೆ 40 ಆಯಿತು. ಏಳು ಯೂನಿಟ್ ಎಂದರೆ ಸಣ್ಣದೆಂದು ತೋರಬಹುದು, ಆದರೆ 9 ವಾಟ್‌ನ ಮೂರು ಎಲ್‌ಇಡಿ ಬಲ್ಬುಗಳು ದಿನಕ್ಕೆ ಎಂಟು ತಾಸು ಉರಿದರೂ ತಿಂಗಳಿಗೆ ಆರೂವರೆ ಯೂನಿಟ್ಟಿಗಿಂತ ಹೆಚ್ಚು ಬೇಕಾಗುವುದಿಲ್ಲ. ಒಂದು ಗುಡಿಸಲಿನ ಇಡೀ ರಾತ್ರಿಯ ಬೆಳಕು ಅಷ್ಟರಲ್ಲಿದೆ.

ಸಾವಿರದ ಐನೂರು ದಾಟಿದ ಆ ಎರಡು ಬಿಲ್ಲುಗಳಿಗೆ ಬರೋಣ. ಅರ್ಹತೆ 132 ಇರುವ ಮನೆ 200 ಯೂನಿಟ್ ಬಳಸಿದರೆ 68 ಯೂನಿಟ್ಟಿಗೆ 394 ರೂಪಾಯಿ, ಸರ್ಚಾರ್ಜು ತೆರಿಗೆ ಸೇರಿ ಸುಮಾರು 450. ಅದೇ ಮನೆ 201 ಯೂನಿಟ್ ಬಳಸಿದರೆ ಅಷ್ಟೂ ಯೂನಿಟ್ಟಿಗೆ ಹಣ, ಜೊತೆಗೆ 2025-26ರ ದರದಲ್ಲಿ ಸಂಪರ್ಕದ ಪ್ರತಿ ಕಿಲೋವ್ಯಾಟಿಗೆ 145 ರೂಪಾಯಿಯಂತೆ ನಿಗದಿತ ಶುಲ್ಕ. ಎರಡು ಕಿಲೋವ್ಯಾಟಿನ ಸಂಪರ್ಕವಾದರೆ ಒಟ್ಟು 1,600 ದಾಟುತ್ತದೆ. ಒಂದೇ ಒಂದು ಯೂನಿಟ್ಟಿಗೆ ಸಾವಿರಕ್ಕೂ ಮಿಗಿಲಾದ ವ್ಯತ್ಯಾಸ. ಇಂಥ ಬಿಲ್ಲು ಬರುವುದು ಸಿರಿವಂತರ ಮನೆಗೇ ಎಂದು ತಿಳಿಯಬೇಡಿ. ಅಪ್ಪ ಕಟ್ಟಿಸಿದ ಪರಸಿಕಲ್ಲಿನ ಮನೆಯಲ್ಲಿ ಮೂವರು ಅಣ್ಣತಮ್ಮಂದಿರು ಮೂರು ಒಲೆ ಹೂಡಿಕೊಂಡು ಒಂದೇ ಮೀಟರಿನಡಿ ಬಾಳುವ ಕಡೆ ಇದು ಪ್ರತಿ ಬೇಸಿಗೆಯಲ್ಲೂ ಬರುತ್ತದೆ, ಏಕೆಂದರೆ ಯೋಜನೆ ಎಣಿಸುವುದು ಮೀಟರನ್ನು, ಒಲೆಯನ್ನಲ್ಲ. ಬೇರೆ ಬೇರೆಯಾಗಿ ವಾಸಿಸುವವರು ಪ್ರತ್ಯೇಕ ಸಂಪರ್ಕಕ್ಕೆ ಉಪವಿಭಾಗ ಕಚೇರಿಯಲ್ಲಿ ಅರ್ಜಿ ಹಾಕುವುದೇ ಇದಕ್ಕಿರುವ ದಾರಿ. ಅಲ್ಲಿಯವರೆಗೆ ತಿಂಗಳ ಇಪ್ಪತ್ತನೆಯ ದಿನದ ಹೊತ್ತಿಗೆ ಮೀಟರನ್ನು ಒಮ್ಮೆ ನೋಡಿಕೊಂಡು, ಹಿಂದಿನ ಬಿಲ್ಲಿನ ಅಂಕಿಯನ್ನು ಕಳೆದು, ಇನ್ನೂರರ ಗೆರೆಗೆ ಎಷ್ಟು ದೂರವಿದ್ದೇವೆಂದು ತಿಳಿದುಕೊಳ್ಳುವುದು ಒಳ್ಳೆಯದು. ಬಿಲ್ಲಿನಲ್ಲಿ ಹಿಂದಿನ ಮತ್ತು ಈಗಿನ ರೀಡಿಂಗ್‌ನ ದಿನಾಂಕಗಳಿರುತ್ತವೆ. ನಡುವೆ ಮೂವತ್ತು ದಿನಕ್ಕಿಂತ ಹೆಚ್ಚು ಅಂತರ ಕಂಡರೆ, ಆ ಕಾರಣದಿಂದಲೇ ಗೆರೆ ದಾಟಿತೇ ಎಂದು ಕಚೇರಿಯಲ್ಲಿ ಕೇಳಲೇಬೇಕು.

ಬಾಡಿಗೆ ಮನೆಯವರಿಗೂ ಈ ನೆರವಿದೆ. ಮನೆ ಮಾಲೀಕರ ಹೆಸರಿನಲ್ಲೇ ಮೀಟರ್ ಇದ್ದರೂ ಬಾಡಿಗೆದಾರರು ತಮ್ಮ ಆಧಾರ್ ಮತ್ತು ಬಿಲ್ಲಿನಲ್ಲಿರುವ ಗ್ರಾಹಕ ಖಾತೆಯ ಸಂಖ್ಯೆಯಿಂದ ಸರ್ಕಾರದ ಜಾಲತಾಣವಾದ ಸೇವಾಸಿಂಧುವಿನಲ್ಲಿ ನೋಂದಾಯಿಸಬಹುದು. ಮನೆ ಬದಲಿಸುವಾಗ ಹಳೆಯ ಮನೆಯ ಮೀಟರಿನಿಂದ ಆಧಾರ್ ಜೋಡಣೆಯನ್ನು ಬಿಡಿಸಿಕೊಂಡು ಹೊಸ ಮನೆಗೆ ಜೋಡಿಸುವ ಅವಕಾಶವನ್ನು 2024ರಲ್ಲಿ ಕೊಡಲಾಯಿತು. ಈ ಬಿಡಿಸಿಕೊಳ್ಳುವ ಹೆಜ್ಜೆಯನ್ನು ಮರೆತವರೇ ಹೆಚ್ಚು. ನನ್ನ ಭಾನುವಾರಗಳಲ್ಲಿ ಅರ್ಧದಷ್ಟು ಸಮಯ ಹೋಗುವುದು ಇದಕ್ಕೇ.

ಬಾಕಿಯ ವಿಷಯ ಬಂದಾಗ ನನ್ನ ಮನಸ್ಸಿಗೆ ಬರುವುದು ನನ್ನ ತಾಯಿ. ನಾನು ಹೈಸ್ಕೂಲಿನಲ್ಲಿದ್ದಾಗ, ಎರಡು ತಿಂಗಳ ಬಿಲ್ಲು ನಿಂತಿತ್ತೆಂದು ಯಾವ ನೋಟಿಸೂ ಇಲ್ಲದೆ ಒಂದು ಮಧ್ಯಾಹ್ನ ಬಂದು ಫ್ಯೂಸ್ ಕಿತ್ತುಕೊಂಡು ಹೋದರು. ಆಕೆ ಕಂದೀಲು ಒರೆಸಿ ಹಚ್ಚಿಟ್ಟಳೇ ಹೊರತು ಯಾರನ್ನೂ ಕೇಳಲಿಲ್ಲ, ಕೇಳಬಹುದೆಂದೂ ಆಕೆಗೆ ಗೊತ್ತಿರಲಿಲ್ಲ. ಇಂದು ನೀವು ಕೇಳಬಹುದು. 2003ರ ವಿದ್ಯುತ್ ಕಾಯ್ದೆಯ 56ನೆಯ ಕಲಮಿನ ಪ್ರಕಾರ, ಹಣ ಬಾಕಿ ಇದೆಯೆಂದು ಸಂಪರ್ಕ ಕಡಿಯುವ ಮೊದಲು ಪೂರ್ತಿ ಹದಿನೈದು ದಿನಗಳ ಲಿಖಿತ ನೋಟಿಸ್ ಕೊಡಲೇಬೇಕು. ಬಿಲ್ಲೇ ತಪ್ಪಾಗಿದೆಯೆಂಬ ತಕರಾರು ನಿಮಗಿದ್ದರೆ, ಬಿಲ್ಲಿನ ಮೊತ್ತ ಅಥವಾ ಹಿಂದಿನ ಆರು ತಿಂಗಳ ಸರಾಸರಿಯಂತೆ ಬರುವ ಮೊತ್ತ, ಇವೆರಡರಲ್ಲಿ ಯಾವುದು ಕಡಿಮೆಯೋ ಅದನ್ನು ತಕರಾರಿನೊಂದಿಗೆ ಕಟ್ಟಿದರೆ ವಿವಾದ ತೀರುವವರೆಗೆ ಸಂಪರ್ಕ ಕಡಿಯುವಂತಿಲ್ಲ. ಎರಡು ವರ್ಷ ಹಳೆಯ ಬಾಕಿಯನ್ನು, ಅದನ್ನು ಬಿಡದೆ ಬಿಲ್ಲಿನಲ್ಲಿ ತೋರಿಸುತ್ತ ಬಂದಿಲ್ಲದಿದ್ದರೆ, ಈಗ ಎತ್ತಿ ವಸೂಲು ಮಾಡುವುದಕ್ಕೂ ಕಾನೂನು ಒಪ್ಪುವುದಿಲ್ಲ.

ಎಲ್ಲಿ ಕೇಳಬೇಕೆಂದರೆ, ಮೊದಲು ನಿಮ್ಮ ಶಾಖಾ ಕಚೇರಿ ಅಥವಾ ಉಪವಿಭಾಗ ಕಚೇರಿಯಲ್ಲಿ ಲಿಖಿತವಾಗಿ ಕೇಳಿ, ಸ್ವೀಕೃತಿ ಪಡೆದುಕೊಳ್ಳಿ. ಜನ ಇಂದಿಗೂ ಕೆಇಬಿ ಎಂದೇ ಕರೆದರೂ, 2002ರಿಂದ ಬೀದರ್, ಕಲಬುರಗಿ, ಯಾದಗಿರಿ ಸೇರಿದಂತೆ ಈ ಭಾಗಕ್ಕೆ ವಿದ್ಯುತ್ ಕೊಡುತ್ತಿರುವುದು ಜೆಸ್ಕಾಂ, ಅಂದರೆ ಗುಲ್ಬರ್ಗಾ ವಿದ್ಯುತ್ ಸರಬರಾಜು ಕಂಪನಿ, ಅದರ ಪ್ರಧಾನ ಕಚೇರಿ ನಮ್ಮ ಊರಿನಲ್ಲೇ ಇದೆ. ದೂರವಾಣಿಯಾದರೆ 1912. ಅಲ್ಲಿ ಬಗೆಹರಿಯದಿದ್ದರೆ ಅದೇ ಕಾಯ್ದೆಯಡಿ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆ, ಅದಕ್ಕೂ ಮೇಲೆ ಗ್ರಾಹಕರ ದೂರು ವಿಚಾರಿಸುವ ಓಂಬುಡ್ಸ್‌ಮನ್ ಇದ್ದಾರೆ. ಅರ್ಜಿ ಬರೆಯಲು ಬಾರದವರು ಸಂಕೋಚಪಡಬೇಕಿಲ್ಲ. ಬಿಲ್ಲಿನ ಪ್ರತಿ, ಮೀಟರಿನ ಫೋಟೊ ಮತ್ತು ನಾಲ್ಕು ಸಾಲು ಸಾಕು.

ಒಲೆಯ ಖರ್ಚನ್ನೂ ಸೇರಿಸದೆ ಈ ಮಾತು ಪೂರ್ತಿಯಾಗುವುದಿಲ್ಲ. 2016ರಲ್ಲಿ ಶುರುವಾದ ಉಜ್ವಲ ಯೋಜನೆಯಲ್ಲಿ ಗ್ಯಾಸ್ ಸಂಪರ್ಕ ಪಡೆದ ಹೆಣ್ಣುಮಕ್ಕಳಿಗೆ 14.2 ಕಿಲೋ ಸಿಲಿಂಡರಿಗೆ 2022ರ ಮೇ ತಿಂಗಳಿನಿಂದ 200 ರೂಪಾಯಿ, 2023ರ ಅಕ್ಟೋಬರ್‌ನಿಂದ 300 ರೂಪಾಯಿ ಸಬ್ಸಿಡಿ ಬರುತ್ತಿದೆ. 2025-26ರ ಸಾಲಿಗೆ ವರ್ಷಕ್ಕೆ ಹೆಚ್ಚೆಂದರೆ ಒಂಬತ್ತು ಸಿಲಿಂಡರಿಗೆ ಎಂದು ನಿಗದಿಯಾಯಿತು. ಆದರೆ ಈ ಹಣ ಬರುವುದು ಆಮೇಲೆ, ಬ್ಯಾಂಕ್ ಖಾತೆಗೆ. ಸಿಲಿಂಡರ್ ಬಾಗಿಲಿಗೆ ಬಂದಾಗ ಪೂರ್ತಿ ಬೆಲೆಯನ್ನು ಎಣಿಸಿ ಕೊಡಬೇಕು, ಮತ್ತು ದಿನಗೂಲಿಯ ಮನೆಯಲ್ಲಿ ಅಷ್ಟು ಹಣ ಒಟ್ಟಿಗೆ ಇರುವುದಿಲ್ಲ. ಆದ್ದರಿಂದಲೇ ನಮ್ಮ ಹಳ್ಳಿಗಳಲ್ಲಿ ತೊಗರಿ ರಾಶಿಯಾದ ಮೇಲೆ ಹಿತ್ತಲಲ್ಲಿ ಒಟ್ಟಿದ ತೊಗರಿ ಕಟ್ಟಿಗೆಯೇ ಇಂದಿಗೂ ರೊಟ್ಟಿ ಬೇಯಿಸುತ್ತಿದೆ. ಗ್ಯಾಸು ಚಹಾಕ್ಕೆ, ಬಂದವರಿಗೆ. ಹೊಗೆ ಕುಡಿಯುವವಳು ರೊಟ್ಟಿ ಬಡಿಯುವ ತಾಯಿ. ಸಬ್ಸಿಡಿ ಬರುತ್ತಿಲ್ಲವೆನ್ನುವವರು ಖಾತೆಗೆ ಆಧಾರ್ ಜೋಡಣೆಯಾಗಿದೆಯೇ, ಗ್ಯಾಸ್ ಏಜೆನ್ಸಿಯಲ್ಲಿ ಇ-ಕೆವೈಸಿ, ಅಂದರೆ ಆಧಾರ್ ಮೂಲಕ ಗುರುತಿನ ಖಾತ್ರಿ, ಆಗಿದೆಯೇ ಎಂದು ಮೊದಲು ನೋಡಿ. ಒಟ್ಟಿಗೆ ಹಣ ಹೊಂದಿಸಲಾಗದವರಿಗೆ 5 ಕಿಲೋ ಸಿಲಿಂಡರ್ ಕೂಡ ಇದೆ.

ಮನೆಯ ಮೇಲೆ ಸೌರ ಫಲಕ ಹಾಕಿಸಲು 2024ರಲ್ಲಿ ಬಂದ ಕೇಂದ್ರದ ಸೂರ್ಯಘರ್ ಯೋಜನೆಯಲ್ಲಿ ಮೂರು ಕಿಲೋವ್ಯಾಟಿಗೆ 78,000 ರೂಪಾಯಿಯವರೆಗೆ ಸಹಾಯಧನವಿದೆ. ಸ್ವಂತ ಗಟ್ಟಿ ಛಾವಣಿ ಮತ್ತು ಉಳಿದ ಖರ್ಚಿಗೆ ಹಣ ಇದ್ದವರಿಗೆ ಅದು ಒಳ್ಳೆಯದು, ತಗಡಿನ ಮನೆಯವರಿಗೆ ಸದ್ಯಕ್ಕೆ ಅಲ್ಲ. ಅವರಿಗೆ ನಾನು ಹೇಳುವುದು ಫ್ಯಾನಿನ ವಿಷಯ: ಹಳೆಯ 75 ವಾಟ್‌ನ ಫ್ಯಾನ್ ದಿನಕ್ಕೆ ಇಪ್ಪತ್ತು ತಾಸು ತಿರುಗಿದರೆ ತಿಂಗಳಿಗೆ 45 ಯೂನಿಟ್, ಕಡಿಮೆ ವಿದ್ಯುತ್ತಿನಲ್ಲಿ ತಿರುಗುವ ಹೊಸ ಬಗೆಯ, 30 ವಾಟ್‌ನ ಬಿಎಲ್‌ಡಿಸಿ ಫ್ಯಾನ್ ಆದರೆ 18. ಅರ್ಹತೆಯೇ 40 ಇರುವ ಮನೆಗೆ ಆ 27 ಯೂನಿಟ್ ಬಹಳ ದೊಡ್ಡದು. ಮಹಿಳಾ ಸಂಘಗಳು ಸಾಲ ಕೊಡುವಾಗ ಇಂಥ ಫ್ಯಾನಿಗೂ ಕೊಡಲಿ ಎಂಬುದು ನನ್ನ ಆಸೆ.

ಆದರೆ ಎಲ್ಲ ಹೊರೆಯನ್ನೂ ಮನೆಯವರ ಜಾಣತನದ ಮೇಲೆ ಹಾಕಿ ನಾವು ಸುಮ್ಮನಾಗಬಾರದು. ಅರ್ಹತೆಯ ಯೂನಿಟ್ ಎಷ್ಟಿರಬೇಕೆಂದು ನಿರ್ಧರಿಸುವುದು ರಾಜ್ಯ ಸರ್ಕಾರ. ಯಾವ ವರ್ಗಕ್ಕೆ ರಿಯಾಯಿತಿ ಕೊಡಬೇಕೆನಿಸಿದರೂ ಆ ಹಣವನ್ನು ಸರ್ಕಾರವೇ ವಿದ್ಯುತ್ ಕಂಪನಿಗೆ ಮುಂಗಡವಾಗಿ ಕಟ್ಟಿಕೊಡಬೇಕೆಂದು ಅದೇ ಕಾಯ್ದೆಯ 65ನೆಯ ಕಲಮು ಹೇಳುತ್ತದೆ. ದರವನ್ನೂ ನಿಗದಿತ ಶುಲ್ಕವನ್ನೂ ತೀರ್ಮಾನಿಸುವುದು ಕರ್ನಾಟಕ ವಿದ್ಯುಚ್ಛಕ್ತಿ ನಿಯಂತ್ರಣ ಆಯೋಗ, ಮತ್ತು ತೀರ್ಮಾನಕ್ಕೆ ಮುನ್ನ ಅದು ಜನರ ಆಕ್ಷೇಪಣೆಗಳನ್ನು ಕರೆದು ಪರಿಶೀಲಿಸಬೇಕು. ಸರ್ಕಾರದ ಮುಂದೆ ನಾವು ಇಡಬೇಕಾದ ಬೇಡಿಕೆ ಇಷ್ಟು: ಅರ್ಹತೆಯನ್ನು ತಿಂಗಳ ಲೆಕ್ಕದಲ್ಲಿ ಮುಗಿಸದೆ ವರ್ಷದ ಲೆಕ್ಕದಲ್ಲಿ ಕೊಡಿ; ಚಳಿಗಾಲದಲ್ಲಿ ಉಳಿದದ್ದು ಬೇಸಿಗೆಗೆ ಸಲ್ಲಲಿ. ಬೀಗ ಹಾಕಿದ ತಿಂಗಳುಗಳನ್ನು ಸರಾಸರಿಯಿಂದ ಬಿಟ್ಟು ಎಣಿಸಿ. ಇದಕ್ಕೆ ಹೊಸ ಯೋಜನೆ ಬೇಕಿಲ್ಲ, ಲೆಕ್ಕದ ಕ್ರಮವನ್ನು ತಿದ್ದಿದರೆ ಸಾಕು.

ಈ ಬೇಡಿಕೆಯನ್ನು ಬರಿಯ ಮಾತಿನಲ್ಲಿ ಹೇಳಿದರೆ ನಿಲ್ಲುವುದಿಲ್ಲ, ಬಿಲ್ಲುಗಳ ಜೊತೆ ಹೇಳಬೇಕು. ಆದ್ದರಿಂದ ನೀವು ತಂದಿರುವ ಚೀಟಿಗಳನ್ನು ಎಸೆಯಬೇಡಿ. ಅವುಗಳ ಮೇಲಿನ ಅಕ್ಷರ ಕೆಲವು ತಿಂಗಳಲ್ಲೇ ಮಾಸಿಹೋಗುವುದರಿಂದ, ಹೊರಗಿನ ಮೇಜಿನ ಬಳಿ ಒಂದು ಪ್ರತಿ ತೆಗೆಸಿ ಕೊಟ್ಟು ಹೋಗಿ. ಬೀಗ ಹಾಕಿದ್ದ ತಿಂಗಳುಗಳು ಯಾವುವೆಂದು ಹಿಂಬದಿಯಲ್ಲಿ ಪೆನ್ನಿನಲ್ಲಿ ಬರೆಯಿರಿ. ಬರೆಯಲು ಬಾರದ ಅಕ್ಕಂದಿರಿಗೆ ನಮ್ಮ ವಿದ್ಯಾರ್ಥಿಗಳು ಬರೆದುಕೊಡುತ್ತಾರೆ. ನಾನೂ ಅಲ್ಲೇ ಇರುತ್ತೇನೆ.