ಬೆಳ್ಳಿ ಬಿಲ್ಲೆಯ ನಡುವಿನ ತೂತು

ಎಲ್ಲರಿಗೂ ನಮಸ್ಕಾರ. ಅಮೆರಿಕದ ಅರಿಜೋನಾ, ನ್ಯೂ ಮೆಕ್ಸಿಕೊ ಕಡೆಯ ನವಾಹೊ ಜನರ ಬೆಳ್ಳಿ ಕೆಲಸದ ಬಗ್ಗೆ ಮಾತಾಡೋಣ. ಅವರಲ್ಲಿ ಮೊದಲ ಅಕ್ಕಸಾಲಿಗ ಎಂದು ಹೆಸರಾದವನು ಅಟ್ಸಿಡಿ ಸಾನಿ. ಆದರೆ ಅವನು ಮೊದಲು ಕಲಿತದ್ದು ಕಬ್ಬಿಣದ ಕೆಲಸ, ಅದೂ ಒಬ್ಬ ಮೆಕ್ಸಿಕನ್ ಕಮ್ಮಾರನ ಹತ್ತಿರ. ಕುದುರೆಗೆ ಕಡಿವಾಣ ಮಾಡಿ ತನ್ನವರಿಗೇ ಮಾರಬಹುದಲ್ವಾ, ಅದು ಅವನ ಲೆಕ್ಕ.

1864ರಲ್ಲಿ ಅಮೆರಿಕದ ಸೈನ್ಯ ಸಾವಿರಾರು ನವಾಹೊಗಳನ್ನು ನೂರಾರು ಕಿಲೋಮೀಟರ್ ನಡೆಸಿ, ನ್ಯೂ ಮೆಕ್ಸಿಕೊದ ಬಾಸ್ಕ್ ರೆಡೊಂಡೊ ಎಂಬ ಜಾಗದಲ್ಲಿ ಕೂಡಿಹಾಕಿತು. 1868ರ ಒಪ್ಪಂದವಾದ ಮೇಲೆ ಅವರು ತಮ್ಮ ನೆಲಕ್ಕೆ ಮರಳಿದರು. ಬೆಳ್ಳಿ ಕೆಲಸ ಜೋರಾಗಿ ಹಬ್ಬಿದ್ದು ಆಮೇಲೆಯೇ. ಸಾನಿ ಮಕ್ಕಳಿಗೆ ಕಲಿಸಿದ, ಕೈಯಿಂದ ಕೈಗೆ ದಾಟಿತು.

ಬೆಳ್ಳಿ ಎಲ್ಲಿಂದ ಬಂತು? ಡಾಲರ್ ನಾಣ್ಯ ಕರಗಿಸಿದರು. 1890ರ ಸುಮಾರಿಗೆ ಅದಕ್ಕೆ ಅಡ್ಡಿ ಬಂದಾಗ ಮೆಕ್ಸಿಕೊದ ಪೆಸೊ ಹಿಡಿದರು. ಆಗಿನ ಕುಲುಮೆ ಹೇಗಿತ್ತೆಂದು ಸೈನ್ಯದ ವೈದ್ಯ ವಾಷಿಂಗ್ಟನ್ ಮ್ಯಾಥ್ಯೂಸ್ ಬರೆದಿಟ್ಟಿದ್ದಾನೆ. ಮೇಕೆ ತೊಗಲಿನ ತಿದಿ. ಬಡಿಯಲು ಅಡಿಗಲ್ಲಾಗಿ ಸಿಕ್ಕಿದ ಕಬ್ಬಿಣದ ತುಂಡು, ಇಲ್ಲದಿದ್ದರೆ ಗಟ್ಟಿ ಕಲ್ಲು. ಬೆಸುಗೆಗೆ ಕೊಬ್ಬಿನಲ್ಲಿ ನೆನೆಸಿದ ಹಳೇ ಬಟ್ಟೆಯ ಬತ್ತಿ, ಅದರ ಉರಿಯನ್ನು ಊದುಗೊಳವೆಯಿಂದ ಊದಬೇಕು.

ಬೆಸುಗೆ ಕೈಗೆ ಹತ್ತುವ ಮೊದಲಿನ ಒಂದು ಡಾಬನ್ನು ನೋಡಿ. ತೊಗಲಿನ ಪಟ್ಟಿ, ಅದರ ಮೇಲೆ ಅಂಗೈಯಗಲದ ಬೆಳ್ಳಿ ಬಿಲ್ಲೆಗಳು. ಇವಕ್ಕೆ ಕಾಂಚೊ ಅಂತಾರೆ. ಪ್ರತಿ ಬಿಲ್ಲೆಯ ನಡುವೆ ಡೈಮಂಡ್ ಆಕಾರದ ತೂತು, ತೂತಿನ ಮಧ್ಯೆ ಒಂದು ಅಡ್ಡಪಟ್ಟಿ. ತೊಗಲು ಆ ಪಟ್ಟಿಯ ಮೇಲೆ ಹಾದು ಹಿಂದಕ್ಕೆ ಹೋಗುತ್ತದೆ. ಹಿಂಬದಿಗೆ ಕೊಂಡಿ ಬೆಸೆಯಲು ಬರುತ್ತಿರಲಿಲ್ಲ, ಅದಕ್ಕೇ ಈ ಉಪಾಯ. ಮುಂದೆ ತಾಮ್ರದ ಕೊಂಡಿ ಬೆಸೆಯುವುದು ಕಲಿತರು, ತೂತು ಬೇಕಾಗಲಿಲ್ಲ. ಆದರೂ ಎಷ್ಟೋ ಬಿಲ್ಲೆಗಳ ನಡುವೆ ಡೈಮಂಡ್ ಗುರುತು ಉಳಿಯಿತು, ಈಗ ಸುಮ್ನೆ ಅಂದಕ್ಕೆ. ನನಗಂತೂ ಬೆಳ್ಳಿಯಲ್ಲಿ ಕೂರಿಸುವ ಹಸಿರುನೀಲಿ ಟರ್ಕಾಯ್ಸ್ ಕಲ್ಲಿಗಿಂತ ಈ ಗುರುತೇ ಹೆಚ್ಚು ಇಷ್ಟ. ಕಲ್ಲು ಕೂರಿಸಲು ಶುರುವಾದದ್ದೇ 1880ರ ಸುಮಾರಿಗೆ.

ಚಿತ್ತಾರದ ಅಚ್ಚನ್ನೂ ಅಕ್ಕಸಾಲಿಗನೇ ಮಾಡಿಕೊಳ್ಳುತ್ತಾನೆ. ಸವೆದ ಅರವೋ ರೈಲು ಹಳಿಯ ಮೊಳೆಯೋ ಸಾಕು. ಕಾಯಿಸಿ ಮೆದು ಮಾಡಿ, ತುದಿಯಲ್ಲಿ ಗೆರೆ ಕೊರೆದು, ಮತ್ತೆ ಕಾಯಿಸಿ ನೀರಿಗೋ ಎಣ್ಣೆಗೋ ಅದ್ದಿ ಗಡಸು ಮಾಡುವುದು. ಸುತ್ತಿಗೆ ಬೀಳುವಾಗ ಅಚ್ಚು ಕದಲಿದರೆ ಗುರುತು ಎರಡೆರಡಾಗಿ ಮೂಡುತ್ತದೆ.

1899ರಿಂದ, ರೈಲು ದಾರಿಯಲ್ಲಿ ಹೋಟೆಲು ನಡೆಸುತ್ತಿದ್ದ ಫ್ರೆಡ್ ಹಾರ್ವೆ ಕಂಪನಿ ಪ್ರವಾಸಿಗರಿಗಾಗಿ ಹಗುರ ಒಡವೆ ಮಾಡಿಸತೊಡಗಿತು. ನವಾಹೊಗಳು ತಮಗೆ ಮಾಡಿಸಿಕೊಳ್ಳುತ್ತಿದ್ದದ್ದು ಮಾತ್ರ ಭಾರದ್ದೇ. ಕೈ ಕಟ್ಟಿದಾಗ ವ್ಯಾಪಾರಿಯ ಮಳಿಗೆಯಲ್ಲಿ ಗಿರವಿ ಇಡಲು ತೂಕ ಬೇಕಲ್ಲ! ಉಣ್ಣೆ, ಕುರಿಮರಿ ಮಾರಿದ ಮೇಲೆ ಬಿಡಿಸಿಕೊಳ್ಳುತ್ತಿದ್ದರು. ಪೂಜೆ, ಆಚರಣೆ ಬಂದರೆ ಸಾಲ ತೀರುವ ಮೊದಲೇ ಒಡವೆಯನ್ನು ಹಾಕಿಕೊಳ್ಳಲು ಕೊಟ್ಟು, ಆಮೇಲೆ ವಾಪಸ್ ಇಟ್ಟುಕೊಳ್ಳುವ ವ್ಯಾಪಾರಿಗಳೂ ಇದ್ದರು.