ಲೀಟರಿಗೆ ಹನ್ನೊಂದು ಪೈಸೆ

ಕೇಳುಗರಿಗೆ ನಮಸ್ಕಾರ. ಇವತ್ತು ಓಆರ್‌ಎಸ್, ಅಂದರೆ ಭೇದಿಯಾದಾಗ ಕುಡಿಸುವ ಸಕ್ಕರೆ-ಉಪ್ಪಿನ ನೀರಿನ ಕಥೆ.

1971ರ ಮಾರ್ಚ್ 25ರ ರಾತ್ರಿ, ಆಗ ಪೂರ್ವ ಪಾಕಿಸ್ತಾನವಾಗಿದ್ದ ಈಗಿನ ಬಾಂಗ್ಲಾದೇಶದ ಢಾಕಾದಲ್ಲಿ ಪಾಕಿಸ್ತಾನದ ಸೇನೆ ಜನರ ಮೇಲೆ ಬಿತ್ತು. ವರ್ಷ ಮುಗಿಯುವುದರೊಳಗೆ ಸುಮಾರು ಒಂದು ಕೋಟಿ ಜನ ಗಡಿ ದಾಟಿ ನಮ್ಮ ದೇಶಕ್ಕೆ ಬಂದರು. ಕಂಕುಳಲ್ಲಿ ಮಗು, ತಲೆ ಮೇಲೆ ಗಂಟು, ಸುರಿಯುವ ಮಳೆ. ಬಾಯಾರಿದರೆ ಹಳ್ಳದ ನೀರೇ ಗತಿ. ಬಯಲುಕಡೆಗೂ ಅದೇ ಹಳ್ಳದ ದಡ. ಶಿಬಿರ ಮುಟ್ಟುವ ಹೊತ್ತಿಗೆ ಕಾಲರಾ ಹಬ್ಬಿತ್ತು.

ಕಾಲರಾ ಜೋರಾದರೆ ಗಂಟೆಗೆ ಒಂದು ಲೀಟರ್‌ವರೆಗೂ ನೀರು ಮೈಯಿಂದ ಹೋದೀತು. ಮಗುವಿನ ಕಣ್ಣು ಗುಳಿಬೀಳುತ್ತದೆ. ಹೊಟ್ಟೆಯ ಚರ್ಮ ಚಿವುಟಿ ಬಿಟ್ಟರೆ ಮಡಿಕೆ ಹಾಗೇ ನಿಂತು, ಮೆಲ್ಲಗೆ ಇಳಿಯುತ್ತದೆ. ಆಗ ಎಲ್ಲರೂ ನಂಬಿದ್ದ ಮದ್ದು, ನರಕ್ಕೆ ಏರಿಸುವ ಸಲೈನ್. ಪಶ್ಚಿಮ ಬಂಗಾಳದ ಗಡಿಯ ಬನಗಾಂವ್ ಆಸ್ಪತ್ರೆಯಲ್ಲಿ ಅದು ಮುಗಿಯುತ್ತಾ ಬಂತು, ರೋಗಿಗಳು ನೆಲದ ಮೇಲೆಲ್ಲ ಮಲಗಿದ್ದರು.

ಅಲ್ಲಿ ಚಿಕಿತ್ಸೆ ನೀಡುತ್ತಿದ್ದ ಡಾಕ್ಟರ್ ದಿಲೀಪ್ ಮಹಲನಬಿಸ್ ಅವರು ಕುಡಿಸಿಯೇ ಉಳಿಸೋಣ ಎಂದು ಗಟ್ಟಿ ಮನಸ್ಸು ಮಾಡಿದರು. ಲೀಟರ್ ನೀರಿಗೆ ಗ್ಲೂಕೋಸ್ 22 ಗ್ರಾಂ, ಉಪ್ಪು ಮೂರೂವರೆ ಗ್ರಾಂ, ಅಡುಗೆ ಸೋಡಾ ಎರಡೂವರೆ ಗ್ರಾಂ. ಕೋಲ್ಕತ್ತದಲ್ಲಿ ತೂಗಿ, ಪ್ಲಾಸ್ಟಿಕ್ ಚೀಲಕ್ಕೆ ತುಂಬಿ, ಬಿಸಿ ಕಬ್ಬಿಣದಿಂದ ಬಾಯಿ ಅಂಟಿಸಿ ಕಳಿಸಿದರು. ಬನಗಾಂವ್‌ನಲ್ಲಿ ಅದನ್ನು ನಲ್ಲಿ ಇಟ್ಟ ಡ್ರಮ್ಮಿನಲ್ಲಿ ನೀರಿಗೆ ಕಲಸಿದರು. ಲೋಟ ಹಿಡಿದು ಕುಡಿಸಿದವರು ರೋಗಿಯ ಅಮ್ಮ, ಅಣ್ಣ, ಹೆಂಡತಿ. ಖರ್ಚು ಲೀಟರಿಗೆ 11 ಪೈಸೆ. ನೂರಕ್ಕೆ ಮೂವತ್ತರಷ್ಟಿದ್ದ ಸಾವು, ಹೀಗೆ ಕುಡಿದವರಲ್ಲಿ ನಾಲ್ಕಕ್ಕಿಂತ ಕೆಳಗಿಳಿಯಿತು.

ಕಾಲರಾ ಬಂದಾಗ ಬರೀ ಉಪ್ಪುನೀರನ್ನು ಕರುಳು ಸರಿಯಾಗಿ ಹೀರುವುದಿಲ್ಲ. ಸಕ್ಕರೆ ಜೊತೆಗಿದ್ದರೆ ಉಪ್ಪು ಒಳಗೆ ಹೋಗುತ್ತದೆ, ಹಿಂದೆಯೇ ನೀರೂ ಹೋಗುತ್ತದೆ.

ಕಬಿನಿ ಉಕ್ಕಿ ನಂಜನಗೂಡಿನ ಕಡೆ ಗಂಜಿ ಕೇಂದ್ರ ತೆರೆದಾಗಲೂ ಇದು ಬೇಕಾದೀತು. ಓಆರ್‌ಎಸ್ ಪೊಟ್ಟಣ ಸಿಕ್ಕರೆ ಅದೇ ಮೇಲು. ಸಿಗದಿದ್ದರೆ, ಕುದಿಸಿ ಆರಿಸಿದ ಒಂದು ಲೀಟರ್ ನೀರಿಗೆ ಆರು ಟೀ ಚಮಚ ಸಕ್ಕರೆ, ಅರ್ಧ ಟೀ ಚಮಚ ಉಪ್ಪು. ಸಕ್ಕರೆ, ಉಪ್ಪು ಎರಡನ್ನೂ ಬೆರಳಿನಿಂದ ಸವರಿ, ಚಮಚದ ಅಂಚಿಗೆ ಸಮ ಮಾಡಿ ಅಳೆಯಿರಿ. ಮಂಡ್ಯದ ಸೀಮೆಯಲ್ಲಿ ಸಕ್ಕರೆಗೆ ಬರವಿಲ್ಲ ಅಂತ ಹೆಚ್ಚು ಸುರಿಯಬೇಡಿ, ಭೇದಿ ಹೆಚ್ಚುತ್ತದೆ. ಉಪ್ಪು ಹೆಚ್ಚಾದರೆ ಮಗುವಿನ ಜೀವಕ್ಕೇ ಅಪಾಯ. ವಾಂತಿಯಾದರೆ ಹತ್ತು ನಿಮಿಷ ತಡೆದು, ಮತ್ತೆ ಚಮಚ ಚಮಚವಾಗಿ ಕುಡಿಸಿ. ಎದೆಹಾಲು ನಿಲ್ಲಿಸಬೇಡಿ. ಮಗು ಮಂಕಾಗಿ ಗುಟುಕೂ ಇಳಿಯದಿದ್ದರೆ ಕಾಯಬೇಡಿ, ಆಸ್ಪತ್ರೆಗೆ ಹೊರಡಿ, ಅದಕ್ಕೆ ಸಲೈನೇ ಬೇಕು. ಕಲಸಿದ ನೀರು 24 ಗಂಟೆ ದಾಟಿದರೆ ಚೆಲ್ಲಿ, ಹೊಸದು ಮಾಡಿ.