ದಾರದಲ್ಲಿ ಕತ್ತರಿಸುವ ಸಿಹಿ ಸುರುಳಿ

ಕೇಳುಗರಿಗೆ ನಮಸ್ಕಾರ. ನಮ್ಮ ಬೇಕರಿಗಳಲ್ಲಿ ಸಿನಮನ್ ರೋಲ್ ಎಂಬ ಹೆಸರಿನಲ್ಲಿ ಸಿಗುವ ಸುರುಳಿ ಬನ್ನನ್ನು ನೀವು ನೋಡಿರುತ್ತೀರಿ. ಸ್ವೀಡನ್ನಿನಲ್ಲಿ ಇದಕ್ಕೆ ಕಾನೆಲ್‌ಬುಲ್ಲೆ ಎನ್ನುತ್ತಾರೆ. ಕಾನೆಲ್ ಎಂದರೆ ದಾಲ್ಚಿನ್ನಿ, ಬುಲ್ಲೆ ಎಂದರೆ ಬನ್ನು. 1999ರಿಂದ ಅಲ್ಲಿ ಅಕ್ಟೋಬರ್ 4ನ್ನು ಈ ಬನ್ನಿನ ದಿನವೆಂದೇ ಆಚರಿಸುತ್ತಾರೆ. ಅಮೆರಿಕದವರಂತೆ ಮೇಲೆ ಬಿಳಿಯ ಸಕ್ಕರೆಪಾಕ ಸುರಿಯುವ ರೂಢಿ ಅಲ್ಲಿಲ್ಲ. ಹಿಟ್ಟಿಗೆ ಏಲಕ್ಕಿ ಹಾಕುತ್ತಾರೆ. ನಾನು ಈ ತಿಂಡಿಗೆ ಸೋತದ್ದು ಆ ಏಲಕ್ಕಿಯಿಂದಲೇ. ನಮ್ಮ ಕೊಡಗು, ಸಕಲೇಶಪುರದ ತೋಟಗಳ ಕಾಯಿ ಇದ್ದರೆ ಇನ್ನೇನು ಬೇಕು? ಕಾಳನ್ನು ನುಣ್ಣಗೆ ಪುಡಿ ಮಾಡದೆ ತರಿತರಿಯಾಗಿ ಕುಟ್ಟಿ.

ಅರ್ಧ ಕಿಲೋ ಮೈದಾಕ್ಕೆ 75 ಗ್ರಾಂ ಸಕ್ಕರೆ, 75 ಗ್ರಾಂ ಬೆಣ್ಣೆ, 7 ಗ್ರಾಂ ಒಣ ಯೀಸ್ಟ್, ಅರ್ಧ ಚಮಚ ಉಪ್ಪು, ಒಂದು ಚಮಚ ಏಲಕ್ಕಿ, ಸುಮಾರು 280 ಮಿಲಿಲೀಟರ್ ಹಾಲು. ಹಾಲು ಉಗುರುಬೆಚ್ಚಗಿರಲಿ, ಬೆರಳು ಸುಡುವಷ್ಟು ಬಿಸಿಯಾದರೆ ಯೀಸ್ಟ್ ಸಾಯುತ್ತದೆ. ಹತ್ತು ನಿಮಿಷ ಚೆನ್ನಾಗಿ ನಾದಿ. ಹೋಳಿಗೆಯ ಕಣಕಕ್ಕಿಂತ ಗಟ್ಟಿ, ಚಪಾತಿಯ ಹಿಟ್ಟಿಗಿಂತ ಮೆದು, ಅದೇ ಹದ. ಒದ್ದೆ ಬಟ್ಟೆ ಮುಚ್ಚಿಟ್ಟು ಎರಡರಷ್ಟು ಉಬ್ಬಲು ಬಿಡಿ. ಗಡಿಯಾರ ನೋಡಬೇಡಿ, ಹಿಟ್ಟನ್ನು ನೋಡಿ. ಬೇಸಿಗೆಯ ಮಂಗಳೂರಿನಲ್ಲಿ ಅದು ಬೇಗ ಉಬ್ಬುತ್ತದೆ, ಡಿಸೆಂಬರಿನ ಬೆಂಗಳೂರಿನಲ್ಲಿ ಬಹಳ ಹೊತ್ತು ಕಾಯಿಸುತ್ತದೆ.

ದಾಲ್ಚಿನ್ನಿಯನ್ನು ಮಾತ್ರ ಹಿಟ್ಟಿಗೆ ಬೆರೆಸಬೇಡಿ. ಅದರ ಘಮಕ್ಕೆ ಕಾರಣವಾದ ಎಣ್ಣೆಯೇ ಯೀಸ್ಟಿನ ಕೆಲಸಕ್ಕೆ ಅಡ್ಡಿ. ಹಾಗಾಗಿ ಅದರ ಜಾಗ ಸುರುಳಿಯ ಒಳಗೆ. ಪಲಾವಿಗೆ ಹಾಕುವ ದಪ್ಪ ಚಕ್ಕೆ ಹೆಚ್ಚಾಗಿ ಕ್ಯಾಸಿಯಾ ಮರದ ತೊಗಟೆ, ಖಾರ ಜಾಸ್ತಿ. ಶ್ರೀಲಂಕಾದ ದಾಲ್ಚಿನ್ನಿ ಕಾಗದದಂತೆ ತೆಳುವಾದ ಪದರಗಳ ಸುರುಳಿ, ಕೈಯಲ್ಲೇ ಮುರಿಯಬಹುದು, ಪರಿಮಳ ನವಿರು. ಯಾವುದಾದರೂ ಸರಿ, ಆಗಲೇ ಪುಡಿ ಮಾಡಿಕೊಂಡದ್ದಾಗಿರಲಿ.

ಈಗ ಸುತ್ತುವ ಕೆಲಸ. ನನ್ನ ಮಟ್ಟಿಗೆ ಎಲ್ಲವೂ ನಿಂತಿರುವುದು ಇದರ ಮೇಲೆ. ಹಿಟ್ಟನ್ನು 45 ಸೆಂಟಿಮೀಟರ್ ಉದ್ದ, 35 ಸೆಂಟಿಮೀಟರ್ ಅಗಲಕ್ಕೆ ಲಟ್ಟಿಸಿ. 75 ಗ್ರಾಂ ಬೆಣ್ಣೆಯನ್ನು ಅಂಚಿನವರೆಗೂ ಸವರಿ. ಬೆಣ್ಣೆ ಮೆತ್ತಗಿರಬೇಕು, ಕರಗಿರಬಾರದು. ನಾನು ಮೊದಲ ಸಲ ಕರಗಿಸಿ ಸುರಿದಿದ್ದೆ. ಬೆಣ್ಣೆ, ಸಕ್ಕರೆ ಎರಡೂ ಹೊರಗೆ ಹರಿದು ತಟ್ಟೆಯಲ್ಲಿ ಸೀದುಹೋದವು. ಬೆಣ್ಣೆಯ ಮೇಲೆ 75 ಗ್ರಾಂ ಸಕ್ಕರೆ, ಒಂದು ದೊಡ್ಡ ಚಮಚ ದಾಲ್ಚಿನ್ನಿ ಪುಡಿ ಉದುರಿಸಿ. ಉದ್ದನೆಯ ಅಂಚಿನಿಂದ ಚಾಪೆ ಸುತ್ತುವಂತೆ ಸುತ್ತುತ್ತಾ ಬನ್ನಿ. ಬಿಗಿ ಮಾಡಿದರೆ ಒಲೆಯೊಳಗೆ ಉಬ್ಬಲು ಜಾಗ ಸಿಗದೆ ನಡುಭಾಗ ಗೋಪುರದಂತೆ ಮೇಲೇಳುತ್ತದೆ. ಸೆಕೆಯ ಊರಿನವರು ಸುರುಳಿಯನ್ನು ಕಾಲು ಗಂಟೆ ಫ್ರಿಜ್ಜಿನಲ್ಲಿಟ್ಟರೆ ಮುಂದಿನ ಕೆಲಸ ಹಗುರ.

ಚಾಕು ಬೇಡ. ಅದು ಮೇಲಿನಿಂದ ಒತ್ತಿ ಪದರಗಳನ್ನು ಅಪ್ಪಚ್ಚಿ ಮಾಡುತ್ತದೆ. ಹೂ ಕಟ್ಟುವ ನೂಲುದಾರ ತೆಗೆದುಕೊಳ್ಳಿ. ಸುರುಳಿಯ ಅಡಿಯಿಂದ ತೂರಿಸಿ, ಎರಡೂ ತುದಿಗಳನ್ನು ಮೇಲೆ ತಂದು, ಒಂದರ ಮೇಲೊಂದು ಹಾಯಿಸಿ ಎಳೆಯಿರಿ. ದಾರ ಸುತ್ತಲಿಂದಲೂ ಒಂದೇ ಸಮ ಒಳಸರಿದು, ದುಂಡನೆಯ ಬಿಲ್ಲೆ ಕೈಗೆ ಬರುತ್ತದೆ, ಕಂದು ಗೆರೆ ಒಂದಿಷ್ಟೂ ಕದಡಿರುವುದಿಲ್ಲ. ಮೂರು ಸೆಂಟಿಮೀಟರಿಗೊಂದರಂತೆ ಹದಿನೈದು ಬಿಲ್ಲೆಗಳಾಗುತ್ತವೆ. ಪ್ರತಿಯೊಂದರ ಬಾಲವನ್ನೂ ಅಡಿಗೆ ಮಡಚಿಡಿ, ಇಲ್ಲವಾದರೆ ಬೇಯುವಾಗ ಬಿಚ್ಚಿಕೊಳ್ಳುತ್ತದೆ.

ತಟ್ಟೆಯಲ್ಲಿ ಅಂತರ ಬಿಟ್ಟು ಜೋಡಿಸಿ, ಇನ್ನೊಮ್ಮೆ ಮುಕ್ಕಾಲು ಗಂಟೆ ಬಿಡಿ. ಬೆರಳಿನಿಂದ ಮೆಲ್ಲಗೆ ಒತ್ತಿದ ಗುಳಿ ನಿಧಾನವಾಗಿ ತುಂಬಿಕೊಂಡರೆ ಹದ ಬಂದಿದೆ. ಹಾಲು ಸವರಿ, ದಪ್ಪ ಸಕ್ಕರೆ ಉದುರಿಸಿ, ಮೊದಲೇ 200 ಡಿಗ್ರಿಗೆ ಕಾದ ಓವನ್ನಿನಲ್ಲಿ 12ರಿಂದ 15 ನಿಮಿಷ ಬೇಯಿಸಿ. ತೆಗೆದ ಕೂಡಲೇ ಒಣ ಬಟ್ಟೆ ಹೊದಿಸಿ. ಹಬೆ ಒಳಗೇ ಉಳಿದು ಸಿಪ್ಪೆ ಮೆತ್ತಗಾಗುತ್ತದೆ.

ಹತ್ತು ನಿಮಿಷದ ಮೇಲೆ ಬಟ್ಟೆ ಸರಿಸಿ ಒಂದನ್ನು ಎತ್ತಿಕೊಳ್ಳಿ. ಕಚ್ಚಬೇಡಿ. ಹೊರಗಿನ ತುದಿ ಹಿಡಿದು ಸುತ್ತು ಸುತ್ತಾಗಿ ಬಿಚ್ಚುತ್ತಾ ತಿನ್ನಿ. ಬೆಣ್ಣೆ ಸಕ್ಕರೆ ಹೆಚ್ಚು ಹೀರಿಕೊಂಡ ಆ ನಡುವಿನ ಗುಂಡಿ ಕೊನೆಗೆ ಸಿಗುತ್ತದೆ. ನಮಸ್ಕಾರ.